ನೆರೆಯವರ ನೋವಿನ ಲೆಕ್ಕ

ಒಂದು ನಾಡು ತನ್ನ ಗೆಲುವುಗಳನ್ನು ಸ್ಮರಿಸುವುದು ಸುಲಭ. ತನ್ನಿಂದ ನೊಂದವರನ್ನು ಸ್ಮರಿಸುವುದು ಅಪರೂಪ. ತನ್ನ ಸಂಸತ್ತಿನಲ್ಲಿಯೇ ನಿಂತು, ತನ್ನ ಪ್ರಜೆಗಳನ್ನೇ ಉದ್ದೇಶಿಸಿ, ನೆರೆಯವರಿಗೆ ಎಸಗಿದ ಅನ್ಯಾಯದ ಲೆಕ್ಕವನ್ನು ಒಪ್ಪಿಸಿದ ರಾಷ್ಟ್ರಾಧ್ಯಕ್ಷರಂತೂ ಇತಿಹಾಸದಲ್ಲಿ ವಿರಳ. 1985ರ ಮೇ 8ರಂದು, ಎರಡನೆಯ ಮಹಾಯುದ್ಧವು ಯೂರೋಪಿನಲ್ಲಿ ಮುಗಿದು ನಲವತ್ತು ವರ್ಷಗಳು ಸಂದ ದಿನ, ಪಶ್ಚಿಮ ಜರ್ಮನಿಯ ಅಧ್ಯಕ್ಷ ರಿಚರ್ಡ್ ಫಾನ್ ವೈಟ್ಸೆಕರ್ ಬಾನ್ ನಗರದ ಸಂಸತ್ತಿನಲ್ಲಿ ಮಾಡಿದ ಭಾಷಣವು ಅಂತಹ ಒಂದು ವಿರಳ ದಾಖಲೆ. ರಾಜಕಾರಣದ ದೃಷ್ಟಿಯಿಂದ ಅದನ್ನು ಹಲವರು ಓದಿದ್ದಾರೆ. ನೀತಿಯ ದೃಷ್ಟಿಯಿಂದ ಅದನ್ನು ಒಂದು ಕೃತಿಯಂತೆ ವಿಮರ್ಶಿಸುವುದು, ಮತ್ತು ಕಪಿಲೆ-ಕಾವೇರಿಯರ ದಡದಲ್ಲಿ ಬಾಳುವ ನಮಗೆ ಅದರಿಂದ ಏನು ತಿಳಿಯಬೇಕಾಗಿದೆಯೆಂದು ಕೇಳಿಕೊಳ್ಳುವುದು ಈ ಲೇಖನದ ಉದ್ದೇಶ.

ಭಾಷಣದ ಸಂದರ್ಭವನ್ನು ಮೊದಲು ಗಮನಿಸಬೇಕು. ಅದಕ್ಕೆ ಮೂರು ದಿನಗಳ ಮುಂಚೆ ಜರ್ಮನಿಯ ಪ್ರಧಾನಿ ಹೆಲ್ಮುಟ್ ಕೋಲ್ ಅಮೆರಿಕದ ಅಧ್ಯಕ್ಷ ರೇಗನ್‌ರನ್ನು ಬಿಟ್‌ಬುರ್ಗ್‌ನ ಸೈನಿಕ ಸ್ಮಶಾನಕ್ಕೆ ಕರೆದೊಯ್ದಿದ್ದರು. ಅಲ್ಲಿ ಹಿಟ್ಲರನ ವಾಫೆನ್ ಎಸ್.ಎಸ್. ಪಡೆಯವರ ಸಮಾಧಿಗಳೂ ಇದ್ದುದರಿಂದ ಜಗತ್ತಿನಾದ್ಯಂತ ಆಕ್ಷೇಪವೆದ್ದಿತ್ತು. ಅಲ್ಲದೆ, ಮೇ 8 ಎಂಬುದು ಸೋಲಿನ ದಿನವೋ ಬಿಡುಗಡೆಯ ದಿನವೋ ಎಂಬ ವಿವಾದ ಜರ್ಮನರ ಮನೆಮನೆಯಲ್ಲಿಯೂ ಇತ್ತು. ಯುದ್ಧಾಂತ್ಯದಲ್ಲಿ ಪೂರ್ವ ಪ್ರಾಂತ್ಯಗಳಿಂದ ಓಡಿಬಂದ ಅಥವಾ ಹೊರದೂಡಲ್ಪಟ್ಟ ಸುಮಾರು 1 ಕೋಟಿ 20 ಲಕ್ಷ ಜರ್ಮನರಿಗೆ ಆ ದಿನ ನಷ್ಟದ ದಿನವಾಗಿತ್ತು. ವೈಟ್ಸೆಕರ್ ಅವರ ನೋವನ್ನು ಅಲ್ಲಗಳೆಯಲಿಲ್ಲ. ಆದರೆ ಆ ನೋವಿನ ಕಾರಣವನ್ನು 1945ರಲ್ಲಿ ಹುಡುಕಬಾರದು, ಹಿಟ್ಲರ್ ಅಧಿಕಾರಕ್ಕೆ ಬಂದ 1933ರ ಜನವರಿ 30ರಲ್ಲಿ ಹುಡುಕಬೇಕೆಂದರು. ಫಲವನ್ನು ಅದರ ಬೀಜದಿಂದ ಬೇರ್ಪಡಿಸಬಾರದೆಂಬ ಈ ವಿವೇಕವೇ ಭಾಷಣದ ಬೆನ್ನೆಲುಬು.

ಅದರ ಎರಡನೆಯ ಗುಣ ಅದರ ಅನುಕ್ರಮದಲ್ಲಿದೆ. ಸ್ಮರಣೀಯರ ಪಟ್ಟಿಯನ್ನು ಅಧ್ಯಕ್ಷರು ತಮ್ಮವರಿಂದ ಆರಂಭಿಸಲಿಲ್ಲ. ಕೊಲ್ಲಲ್ಪಟ್ಟ 60 ಲಕ್ಷ ಯಹೂದಿಗಳು ಮೊದಲು; ಬಳಿಕ ಸೋವಿಯತ್ ಒಕ್ಕೂಟ ಮತ್ತು ಪೋಲೆಂಡಿನ ಅಸಂಖ್ಯ ಜನರು; ಆಮೇಲೆ ತಮ್ಮ ಸೈನಿಕರು, ಬಾಂಬು ದಾಳಿಯಲ್ಲಿ ಮಡಿದವರು. ಅಲ್ಲಿಗೂ ನಿಲ್ಲದೆ ಸಿಂತಿ ಮತ್ತು ರೋಮಾ ಜನರು, ಮನೋರೋಗಿಗಳು, ಸಲಿಂಗಾನುರಾಗಿಗಳು, ಒತ್ತೆಯಾಳುಗಳಾಗಿ ಸತ್ತವರು, ಹಿಟ್ಲರನನ್ನು ಎದುರಿಸಿದ ಕಮ್ಯೂನಿಸ್ಟರು ಮುಂತಾಗಿ, ಅಲ್ಲಿಯವರೆಗೆ ಸರ್ಕಾರಿ ಸಮಾರಂಭಗಳಲ್ಲಿ ಹೆಸರಿಗೂ ಬಾರದಿದ್ದವರನ್ನು ಸೇರಿಸಿದರು. ಯಾರನ್ನು ಮೊದಲು ಹೇಳುತ್ತೇವೆ ಎಂಬುದು ಅಲಂಕಾರದ ವಿಷಯವಲ್ಲ, ನೀತಿಯ ವಿಷಯ. ಶೋಕಿಸುವವನು ಪರರ ಮೃತರನ್ನು ಮುಂದಿರಿಸಿದಾಗ ಅವನ ಶೋಕಕ್ಕೆ ವಿಶ್ವಾಸಾರ್ಹತೆ ಬರುತ್ತದೆ.

ಮೂರನೆಯದು, ಅಪರಾಧವು ವ್ಯಕ್ತಿಗತವಾದುದೇ ಹೊರತು ಇಡಿಯ ಜನಾಂಗಕ್ಕೆ ಅಂಟುವಂಥದಲ್ಲವೆಂಬ ನಿಲುವು. ಆಗ ಹುಟ್ಟಿರದವರು ಮಾಡದ ತಪ್ಪನ್ನು ಒಪ್ಪಿಕೊಳ್ಳಲಾರರು. ಆದರೆ ಅದರ ಪರಿಣಾಮಗಳಿಗೆ ಅವರೂ ಉತ್ತರಾಧಿಕಾರಿಗಳು ಎಂದು ಅವರು ಪ್ರತಿಪಾದಿಸಿದರು. ಒಬ್ಬರ ಕರ್ಮವು ಇನ್ನೊಬ್ಬರನ್ನು ಬಂಧಿಸದೆಂದು ಬಲ್ಲ ಈ ಪತ್ರಿಕೆಯ ವಾಚಕರಿಗೆ ಈ ವಿವೇಚನೆ ಅಪರಿಚಿತವೇನಲ್ಲ. ತಂದೆಯ ಪಾಪ ಮಗನದಲ್ಲ. ಆದರೆ ತಂದೆ ಕಿತ್ತುಕೊಂಡ ಹೊಲದಲ್ಲಿ ಮಗ ಉಣ್ಣುತ್ತಿದ್ದರೆ ಆ ಹೊಲದ ಪ್ರಶ್ನೆ ಮಗನದೇ.

ಇಷ್ಟನ್ನು ಮೆಚ್ಚಿದ ಮೇಲೆ ಭಾಷಣದ ಕೊರತೆಯನ್ನೂ ಹೇಳಬೇಕು. ಕೊಲೆಯ ಕಾರ್ಯವು ಕೆಲವೇ ಜನರ ಕೈಯಲ್ಲಿತ್ತು, ಸಾಮಾನ್ಯರ ಕಣ್ಣಿಗೆ ಅದು ಮರೆಯಾಗಿತ್ತು ಎಂದು ಅಧ್ಯಕ್ಷರು ಹೇಳಿದರು. ಆದರೂ ಕಣ್ಣು ಕಿವಿ ತೆರೆದವರಿಗೆ ಯಹೂದಿಗಳನ್ನು ಸಾಗಿಸುವ ರೈಲುಗಳು ಕಾಣದಿರಲಿಲ್ಲವೆಂದೂ ಸೇರಿಸಿದರು. ಈ ಎರಡು ಮಾತುಗಳಲ್ಲಿ ಮೊದಲನೆಯದು ಮುಂದಿನ ಸಂಶೋಧನೆಯ ಎದುರು ನಿಲ್ಲಲಿಲ್ಲ. ಕ್ರಿಸ್ಟೋಫರ್ ಬ್ರೌನಿಂಗ್ 1992ರಲ್ಲಿ ಪ್ರಕಟಿಸಿದ ಅಧ್ಯಯನವು ಹ್ಯಾಂಬರ್ಗ್‌ನ 101ನೆಯ ಮೀಸಲು ಪೊಲೀಸ್ ಪಡೆಯನ್ನು ಕುರಿತದ್ದು. ಐನೂರಕ್ಕಿಂತ ಕಡಮೆ ಸಂಖ್ಯೆಯ, ಬಹುತೇಕ ನಡುವಯಸ್ಸಿನ ಸಂಸಾರಿಗಳ ಈ ಪಡೆ ಕನಿಷ್ಠ 38,000 ಯಹೂದಿಗಳನ್ನು ಗುಂಡಿಟ್ಟು ಕೊಂದಿತು. ಮೊದಲ ವಧೆಯ ದಿನ, ಈ ಕೆಲಸ ಒಲ್ಲೆನೆನ್ನುವವರು ಹಿಂದೆ ಸರಿಯಬಹುದೆಂದು ಅದರ ಮುಖ್ಯಾಧಿಕಾರಿಯೇ ಹೇಳಿದಾಗ ಕೂಡಲೇ ಸರಿದವರು ಹನ್ನೆರಡು ಜನರಷ್ಟೇ. 1995ರಲ್ಲಿ ಹ್ಯಾಂಬರ್ಗ್‌ನಲ್ಲಿ ಆರಂಭವಾದ ಪ್ರದರ್ಶನವೊಂದು ಜರ್ಮನಿಯ ನಿಯತ ಸೇನೆಯೂ ಈ ಅಪರಾಧಗಳಲ್ಲಿ ಭಾಗಿಯಾಗಿತ್ತೆಂದು ಸಾಮಾನ್ಯ ಜನರ ಮುಂದಿಟ್ಟಿತು.

ನಮ್ಮ ಶಾಸ್ತ್ರಕಾರರು ಹಿಂಸೆಯನ್ನು ಕೃತ, ಕಾರಿತ, ಅನುಮೋದಿತ ಎಂದು ಮೂರಾಗಿ ವಿಂಗಡಿಸಿದರು: ತಾನೇ ಮಾಡಿದ್ದು, ಮಾಡಿಸಿದ್ದು, ಮಾಡಿದವರನ್ನು ಒಪ್ಪಿದ್ದು. ಈ ಅಳತೆಗೋಲಿನಿಂದ ನೋಡಿದರೆ ಭಾಷಣದ ದೋಷ ಸ್ಪಷ್ಟವಾಗುತ್ತದೆ. ಅದು ಮಾಡಿಸಿದವರನ್ನು ಗುರುತಿಸುತ್ತದೆ, ಮೌನದಿಂದ ಅನುಮೋದಿಸಿದವರನ್ನೂ ಎಚ್ಚರಿಸುತ್ತದೆ. ಆದರೆ ಸ್ವತಃ ಮಾಡಿದವರ ಸಂಖ್ಯೆಯನ್ನು ಕಿರಿದುಗೊಳಿಸುತ್ತದೆ. ಮಾಡಿದವರು ಕೆಲವರೇ ಎಂದಾಗ ಕೇಳುಗರ ಎದೆ ಹಗುರಾಗುತ್ತದೆ. ಪಶ್ಚಾತ್ತಾಪದ ಭಾಷಣಕ್ಕೆ ಅದು ಭೂಷಣವಲ್ಲ.

ಇನ್ನೊಂದು ಮೌನವೂ ಅಲ್ಲಿದೆ. ವೈಟ್ಸೆಕರ್ ಸ್ವತಃ 1939ರ ಸೆಪ್ಟೆಂಬರ್ 1ರಂದು ಪೋಲೆಂಡನ್ನು ಹೊಕ್ಕ ಸೈನ್ಯದಲ್ಲಿದ್ದರು; ಮರುದಿನವೇ ಅವರ ಅಣ್ಣ ಅಲ್ಲಿ ಮಡಿದರು. ಅವರ ತಂದೆ ಅರ್ನ್ಸ್ಟ್ ಹಿಟ್ಲರನ ವಿದೇಶಾಂಗ ಇಲಾಖೆಯ ಕಾರ್ಯದರ್ಶಿಯಾಗಿದ್ದು, 1949ರಲ್ಲಿ ನ್ಯೂರೆಂಬರ್ಗ್‌ನಲ್ಲಿ ಶಿಕ್ಷಿತರಾದರು. ಅವರ ಪರ ವಕೀಲರ ತಂಡದಲ್ಲಿ ಮಗನೂ ಇದ್ದರು. ಭಾಷಣದಲ್ಲಿ ತಂದೆಯ ಹೆಸರಿಲ್ಲ. ರಾಷ್ಟ್ರದ ಪರವಾಗಿ ಮಾತನಾಡುವವರು ಮನೆಯ ಮಾತನ್ನು ತರಬೇಕಿತ್ತೆಂದು ಆಗ್ರಹಿಸುವುದು ನ್ಯಾಯವಲ್ಲ. ಆದರೆ ‘ನಾವು’ ಎನ್ನುವುದು ಎಷ್ಟು ಸುಲಭ, ‘ನಮ್ಮ ಮನೆಯಲ್ಲಿ’ ಎನ್ನುವುದು ಎಷ್ಟು ದುಷ್ಕರ ಎಂಬುದಕ್ಕೆ ಇದಕ್ಕಿಂತ ಉತ್ತಮ ನಿದರ್ಶನ ದೊರೆಯದು.

ಮಾತಿನ ಬೆಲೆಯನ್ನು ಅದರ ಹಿಂದುಮುಂದಿನ ಕೃತಿಗಳಿಂದಲೇ ಕಟ್ಟಬೇಕು. 1965ರ ನವೆಂಬರ್ 18ರಂದು ಪೋಲೆಂಡಿನ ಬಿಷಪ್ಪರು ಜರ್ಮನ್ ಬಿಷಪ್ಪರಿಗೆ ಬರೆದ ಪತ್ರದಲ್ಲಿ ಕ್ಷಮಿಸಿದರು, ಕ್ಷಮೆಯನ್ನೂ ಬೇಡಿದರು. ಹೆಚ್ಚು ನೊಂದವರೇ ಮೊದಲು ಕೈಚಾಚಿದರು. 1970ರ ಡಿಸೆಂಬರ್ 7ರಂದು ಪ್ರಧಾನಿ ವಿಲ್ಲಿ ಬ್ರಾಂಟ್ ವಾರ್ಸಾದ ಯಹೂದಿ ಸ್ಮಾರಕದೆದುರು ಮಂಡಿಯೂರಿದರು. ಹಿಟ್ಲರನ ಕಾಲದಲ್ಲಿ ದೇಶಭ್ರಷ್ಟರಾಗಿ ಬದುಕಿದ್ದ ಅವರು ಮಾಡಿದ ತಪ್ಪೇನೂ ಇರಲಿಲ್ಲ. ಆದರೂ ಅದು ಅತಿಯಾಯಿತೆಂದು ಅವರ ದೇಶದ ಅರ್ಧದಷ್ಟು ಜನ ಅಂದು ಅಭಿಪ್ರಾಯಪಟ್ಟರು. 1972ರಲ್ಲಿ ಎರಡೂ ದೇಶಗಳ ವಿದ್ವಾಂಸರು ಶಾಲಾ ಪಠ್ಯಗಳನ್ನು ಕೂಡಿ ಪರಿಶೀಲಿಸತೊಡಗಿದರು. 1990ರ ನವೆಂಬರ್ 14ರಂದು, ಏಕೀಕೃತ ಜರ್ಮನಿ ಪೋಲೆಂಡಿನೊಡನೆ ಗಡಿಯನ್ನು ಅಂತಿಮವೆಂದು ಒಪ್ಪಿ ಸಹಿ ಮಾಡಿತು. ಆದರೂ ಲೆಕ್ಕ ಮುಗಿದಿಲ್ಲ. 2022ರಲ್ಲಿ ಪೋಲೆಂಡಿನ ಸರ್ಕಾರ ಮಂಡಿಸಿದ ಯುದ್ಧಪರಿಹಾರದ ಬೇಡಿಕೆಯನ್ನು ಜರ್ಮನಿ ಒಪ್ಪಲಿಲ್ಲ. ಆಫ್ರಿಕದ ಹೆರೆರೊ ಮತ್ತು ನಾಮ ಜನರ ಮೇಲೆ 1904ರಿಂದ 1908ರವರೆಗೆ ನಡೆಸಿದ ಸಂಹಾರವನ್ನು ನರಮೇಧವೆಂದು ಜರ್ಮನಿ ಒಪ್ಪಿದ್ದು 2021ರಲ್ಲಿ. ಬಲಿಷ್ಠ ನೆರೆಯವರ ನೋವು ಬೇಗ ನೆನಪಾಗುತ್ತದೆ, ದೂರದ ದುರ್ಬಲರ ನೋವು ತಡವಾಗಿ.

ಈಗ ನಮ್ಮ ನದಿಯ ಮಾತು. ಒಂದು ಎಚ್ಚರಿಕೆಯನ್ನು ಮೊದಲೇ ಹೇಳಬೇಕು: ಒಂದು ಪ್ರಭುತ್ವ ಯೋಜಿಸಿ ನಡೆಸಿದ ಜನಾಂಗನಾಶವನ್ನು ಎರಡು ರಾಜ್ಯಗಳ ಜಲವಿವಾದದ ದೊಂಬಿಯೊಡನೆ ಸಮೀಕರಿಸುವುದು ಸತ್ಯಕ್ಕೂ ಮೃತರಿಗೂ ಅಪಚಾರ. ನಾವು ಎರವಲು ಪಡೆಯುತ್ತಿರುವುದು ಸ್ಮರಣೆಯ ವಿಧಾನವನ್ನು ಮಾತ್ರ.

ಕಾವೇರಿ ನ್ಯಾಯಮಂಡಳಿಯ 1991ರ ಜೂನ್ 25ರ ಮಧ್ಯಂತರ ಆದೇಶವು ತಮಿಳುನಾಡಿಗೆ ವರ್ಷಕ್ಕೆ 205 ಟಿ.ಎಂ.ಸಿ. ನೀರು ಬಿಡಬೇಕೆಂದಿತು. ಡಿಸೆಂಬರಿನಲ್ಲಿ ಅದು ಕೇಂದ್ರದ ರಾಜಪತ್ರದಲ್ಲಿ ಪ್ರಕಟವಾದ ಬೆನ್ನಲ್ಲೇ ಬೆಂಗಳೂರಿನಲ್ಲಿ, ಮೈಸೂರು ಸೀಮೆಯಲ್ಲಿ ತಮಿಳರ ಮೇಲೆ ದಾಳಿಗಳಾದವು, ಪ್ರಾಣಹಾನಿಯಾಯಿತು, ಸಾವಿರಾರು ಜನ ಮನೆಮಠ ಬಿಟ್ಟು ಹೊರಟುಹೋದರು. ಅತ್ತ ತಮಿಳುನಾಡಿನಲ್ಲಿ ಕನ್ನಡಿಗರೂ ಪ್ರತೀಕಾರಕ್ಕೆ ಗುರಿಯಾದರು. 2016ರ ಸೆಪ್ಟೆಂಬರಿನಲ್ಲಿ ಬೆಂಗಳೂರಿನಲ್ಲಿ ಮತ್ತೆ ಬಸ್ಸುಗಳು ಉರಿದವು. 2007ರ ಅಂತಿಮ ತೀರ್ಪಿನ 192 ಟಿ.ಎಂ.ಸಿ.ಯನ್ನು ಸರ್ವೋಚ್ಚ ನ್ಯಾಯಾಲಯವು 2018ರ ಫೆಬ್ರವರಿ 16ರಂದು 177.25ಕ್ಕೆ ಇಳಿಸಿದ್ದನ್ನು ನಮ್ಮಲ್ಲಿ ಅನೇಕರು ಕಂಠಪಾಠವಾಗಿ ಹೇಳಬಲ್ಲರು. ಆದರೆ 1991ರಲ್ಲಿ ಊರು ಬಿಟ್ಟವರಲ್ಲಿ ಎಷ್ಟು ಕುಟುಂಬಗಳು ಮರಳಿದವೆಂದು ಯಾರು ಹೇಳಬಲ್ಲರು? ನೀರಿನ ಲೆಕ್ಕ ದಶಾಂಶದವರೆಗೆ ನೆನಪಿದೆ. ಮನುಷ್ಯರ ಲೆಕ್ಕ ನೆನಪಿಲ್ಲ.

ವೈಟ್ಸೆಕರ್ ಭಾಷಣದ ಗುಣದೋಷಗಳೆರಡೂ ಇಲ್ಲಿ ಉಪಯುಕ್ತ. ಅವರ ಅನುಕ್ರಮವನ್ನು ಅನುಸರಿಸಿದರೆ, ಆ ಡಿಸೆಂಬರನ್ನು ನೆನೆಯುವ ಕನ್ನಡಿಗನು ಮನೆ ಕಳೆದುಕೊಂಡ ತಮಿಳು ಕೂಲಿಕಾರನಿಂದ ಆರಂಭಿಸಬೇಕು. ತಮಿಳನು ಅತ್ತ ಬೆದರಿದ ಕನ್ನಡಿಗನಿಂದ. ಅವರ ದೋಷದಿಂದ ಕಲಿತರೆ, ಅದೆಲ್ಲ ಕೆಲವು ಪುಂಡರ ಕೆಲಸವೆಂದು ನಾವು ಕೈತೊಳೆದುಕೊಳ್ಳಲಾಗದು. ಕಲ್ಲೆಸೆದವರು ಕೆಲವರೇ ಇರಬಹುದು. ಉದ್ರೇಕದ ಮಾತನಾಡಿದವರು, ಅದನ್ನು ಓದಿ ತಲೆದೂಗಿದವರು, ನೆರೆಮನೆಯವನು ಬಾಗಿಲು ತಟ್ಟಿದಾಗ ತೆರೆಯದವರು ಎಷ್ಟು ಮಂದಿ? ಕಾರಿತ, ಅನುಮೋದಿತಗಳ ಲೆಕ್ಕ ಅಲ್ಲಿದೆ. ಕರ್ನಾಟಕದ ನ್ಯಾಯವಾದ ನೀರಿನ ಹಕ್ಕಿಗೂ ಈ ಲೆಕ್ಕಕ್ಕೂ ವಿರೋಧವಿಲ್ಲ. ನ್ಯಾಯಾಲಯದಲ್ಲಿ ಒಂದು ಹನಿಯನ್ನೂ ಬಿಟ್ಟುಕೊಡದೆ ವಾದಿಸುವವನು ಬೀದಿಯಲ್ಲಿ ನೆರೆಯವನಿಗೆ ಆಶ್ರಯ ಕೊಡಬಲ್ಲನು.

ಬೀಜಗಳು ನಮ್ಮಲ್ಲಿ ಇಲ್ಲದಿಲ್ಲ. 2003ರಲ್ಲಿ ಎರಡೂ ರಾಜ್ಯಗಳ ರೈತರು ‘ಕಾವೇರಿ ಕುಟುಂಬ’ವೆಂಬ ಹೆಸರಿನಲ್ಲಿ ಕೂಡಿ, ಒಬ್ಬರ ಗದ್ದೆಯನ್ನು ಇನ್ನೊಬ್ಬರು ಕಂಡು ಮಾತನಾಡಿದರು. ಹದಿನೆಂಟು ವರ್ಷ ಮುಸುಕಿನೊಳಗಿದ್ದ ತಿರುವಳ್ಳುವರ್ ಪ್ರತಿಮೆ 2009ರ ಆಗಸ್ಟ್ 9ರಂದು ಬೆಂಗಳೂರಿನಲ್ಲಿ ಅನಾವರಣಗೊಂಡಿತು; ನಾಲ್ಕು ದಿನಗಳ ಬಳಿಕ ಚೆನ್ನೈಯಲ್ಲಿ ಸರ್ವಜ್ಞನ ಪ್ರತಿಮೆ. ಇವಕ್ಕೂ ಹಿಂದಿನದು ಶ್ರವಣಬೆಳಗೊಳದ ಗೊಮ್ಮಟನ ಪಾದದ ಬಳಿಯ ಬರಹ: ಚಾವುಂಡರಾಯ ಮಾಡಿಸಿದನೆಂಬ ಮಾತು ಅಲ್ಲಿ ಕನ್ನಡದಲ್ಲಿದೆ, ತಮಿಳಿನಲ್ಲಿದೆ, ಮರಾಠಿಯಲ್ಲಿಯೂ ಇದೆ. ಇಂದು ನಾವು ಗಡಿಗಾಗಿ, ನೀರಿಗಾಗಿ ವ್ಯಾಜ್ಯವಾಡುವ ಭಾಷೆಗಳೇ ಅವು.

ಕಪಿಲೆಯು ನಂಜನಗೂಡನ್ನು ದಾಟಿ ತಿರುಮಕೂಡಲಿನಲ್ಲಿ ಕಾವೇರಿಯನ್ನು ಸೇರುತ್ತದೆ. ಈ ಎರಡು ತಾಲ್ಲೂಕುಗಳ ಹೆಮ್ಮರಗಾಲದಂತಹ ಹಳ್ಳಿಗಳ ಶಾಲೆಯಲ್ಲಿ ಕಾವೇರಿಯ ಪಾಠ ಹೇಳುವ ಉಪಾಧ್ಯಾಯರು ಟಿ.ಎಂ.ಸಿ. ಅಂಕಿಗಳ ಜೊತೆಗೆ 1991ರ ಡಿಸೆಂಬರನ್ನೂ ಹೇಳಲಿ. ತಂಜಾವೂರಿನ ಶಾಲೆಯಲ್ಲಿಯೂ ಹಾಗೆಯೇ ಆಗಲಿ. ಎರಡೂ ಕಡೆಯ ಉಪಾಧ್ಯಾಯರು ಒಮ್ಮೆ ಕುಳಿತು ಆ ಒಂದು ಪಾಠವನ್ನು ಕೂಡಿ ಬರೆಯುವುದು ಅಸಾಧ್ಯವೇನಲ್ಲ. ಆರು ವರ್ಷಗಳ ಘೋರ ಯುದ್ಧದ ನೆನಪಿದ್ದ ಪೋಲರೂ ಜರ್ಮನರೂ ಅದನ್ನು ಆರಂಭಿಸಬಲ್ಲವರಾದರು. ಒಂದೇ ನದಿಯ ನೀರು ಕುಡಿಯುವ ನಮಗೆ ಅದಕ್ಕಿಂತ ಹೆಚ್ಚಿನ ಅಡ್ಡಿ ಏನಿದೆ?