ಟ್ರಾಬಾಂಟ್ ನಿಲ್ಲದ ಜಾಗಗಳು

ಪೂರ್ವ ಯುರೋಪು ಸುತ್ತಿ ಬಂದ ಆಫೀಸಿನ ಗೆಳೆಯರ ಫೋಟೋಗಳನ್ನು ಗಮನಿಸಿದ್ದೀರಾ? ಕೋಟೆ, ಚರ್ಚು, ಬಿಯರ್ ಗ್ಲಾಸು ಎಲ್ಲ ಮುಗಿದ ಮೇಲೆ ಒಂದು ಫೋಟೋ ಇದ್ದೇ ಇರುತ್ತೆ. ಬೆಂಕಿಪೊಟ್ಟಣದಂಥ ಹಳೇ ಕಾರು, ಅದರ ಬಾನೆಟ್ ಮೇಲೆ ಕೈ ಊರಿಕೊಂಡು ನಗ್ತಾ ನಿಂತ ನಮ್ಮವರು. ಬರ್ಲಿನ್ನಿನಲ್ಲಾದರೆ ಟ್ರಾಬಾಂಟ್, ವಾರ್ಸಾದಲ್ಲಾದರೆ ಪೋಲಿಷ್ ಫಿಯಟ್. ಕಮ್ಯುನಿಸ್ಟ್ ಕಾಲದ ಕಾರಿನಲ್ಲಿ ಕೂರಿಸಿಕೊಂಡು ಕಮ್ಯುನಿಸ್ಟ್ ಕಾಲದ ಕಟ್ಟಡ ತೋರಿಸೋದು ಅಲ್ಲೀಗ ಚೆನ್ನಾಗಿ ನಡೀತಿರೋ ವ್ಯಾಪಾರ. ನಾನು ಇದನ್ನ ಪ್ರವಾಸ ಅನ್ನೋದಕ್ಕಿಂತ ನಾಟಕ ಅಂತಲೇ ನೋಡ್ತೀನಿ. ಸ್ಕ್ರಿಪ್ಟ್ ಇದೆ, ಪಾತ್ರಧಾರಿ ಇದ್ದಾನೆ, ಸೆಟ್ಟು ಇದೆ, ಟಿಕೆಟ್ಟೂ ಇದೆ. ನಾಟಕ ಅಂದಮೇಲೆ ಅದಕ್ಕೊಂದು ವಿಮರ್ಶೆಯೂ ಬೇಕಲ್ಲ.

ನಾನು ನೋಡಿದ ಪ್ರದರ್ಶನ ಪೋಲೆಂಡಿನ ಕ್ರಾಕೋವ್ ನಗರದ್ದು. ಕಂಪನಿಯ ಹೆಸರು ಬೇಡ. ಇಂಥ ಟೂರುಗಳು ಅಲ್ಲಿ ಹಲವು, ಸ್ಕ್ರಿಪ್ಟೂ ಹೆಚ್ಚುಕಮ್ಮಿ ಒಂದೇ. ಹಳೇ ಊರಿನ ನಡುವಿನಿಂದ ಟ್ರಾಬಾಂಟ್ ಹೊರಟು ಪೂರ್ವಕ್ಕೆ ಸುಮಾರು ಹತ್ತು ಕಿಲೋಮೀಟರ್ ದೂರದ ನೋವಾ ಹುತಾ ಅನ್ನೋ ಬಡಾವಣೆಗೆ ಹೋಗುತ್ತೆ. ನೋವಾ ಹುತಾ ಅಂದರೆ ಹೊಸ ಉಕ್ಕಿನ ಕಾರ್ಖಾನೆ ಅಂತ ಅರ್ಥ. 1949ರಲ್ಲಿ, ಸ್ಟಾಲಿನ್ ಇನ್ನೂ ಬದುಕಿದ್ದಾಗ, ಮೊಗಿವಾ ಮೊದಲಾದ ಹಳ್ಳಿಗಳ ಫಲವತ್ತಾದ ಹೊಲಗಳ ಮೇಲೆ ಕಟ್ಟಲು ಶುರು ಮಾಡಿದ ಊರು ಇದು. ಪ್ರಾಧ್ಯಾಪಕರು, ಪಾದ್ರಿಗಳು, ಹಳೇ ಮನೆತನಗಳು ತುಂಬಿದ್ದ ಕ್ರಾಕೋವ್‌ನ ಪಕ್ಕದಲ್ಲೇ ಒಂದು ಅಪ್ಪಟ ಕಾರ್ಮಿಕರ ನಗರ. 1954ರಲ್ಲಿ ಲೆನಿನ್ ಹೆಸರಿನ ಉಕ್ಕಿನ ಕಾರ್ಖಾನೆಯ ಮೊದಲ ಊದುಕುಲುಮೆ ಹೊತ್ತಿಕೊಂಡಿತು.

ಮೊದಲು ಮುಖ್ಯ ಪಾತ್ರಧಾರಿಯ ವಿಷಯ. ಟ್ರಾಬಾಂಟ್ ನಿಜಕ್ಕೂ ಒಳ್ಳೇ ಕಾಮಿಡಿ ನಟ. ಎರಡು ಸಿಲಿಂಡರಿನ ಟೂ-ಸ್ಟ್ರೋಕ್ ಎಂಜಿನ್, 26 ಕುದುರೆ ಬಲ. ಮೇಲ್ಮೈ ಉಕ್ಕಿನದಲ್ಲ, ಹತ್ತಿಯ ತ್ಯಾಜ್ಯವನ್ನು ರಾಳದಲ್ಲಿ ಕಲಸಿ ಒತ್ತಿದ ಡ್ಯೂರೋಪ್ಲಾಸ್ಟ್. ಉಕ್ಕಿನ ಊರನ್ನ ನೋಡೋಕೆ ಉಕ್ಕಿನ ಮೈ ಇಲ್ಲದ ಕಾರಿನಲ್ಲಿ ಹೋಗೋದು! ಪೆಟ್ರೋಲ್ ಟ್ಯಾಂಕ್ ಬಾನೆಟ್ ಒಳಗೆ, ಎಂಜಿನ್ನಿನ ಪಕ್ಕದಲ್ಲೇ. ನಮ್ಮ ಗೈಡ್ ಒಂದು ಕಡ್ಡಿ ಅದ್ದಿ ಪೆಟ್ರೋಲ್ ಎಷ್ಟಿದೆ ಅಂತ ತೋರಿಸಿದ. ಎಲ್ಲರೂ ನಕ್ಕರು, ನಾನೂ ನಕ್ಕೆ. ಆ ಹೊಗೆಯ ವಾಸನೆ ಮಾತ್ರ ನನಗೆ ಹೊಸದಲ್ಲ. ಮೈಸೂರಿನಲ್ಲಿ ತಯಾರಾಗುತ್ತಿದ್ದ ಜಾವಾ, ಯೆಜ್ಡಿ ಬೈಕುಗಳೂ ಇದೇ ಟೂ-ಸ್ಟ್ರೋಕ್ ಕುಲದವು, ಅವುಗಳ ತಂತ್ರಜ್ಞಾನ ಬಂದಿದ್ದೂ ಆಗಿನ ಕಮ್ಯುನಿಸ್ಟ್ ಚೆಕೊಸ್ಲೊವಾಕಿಯಾದಿಂದಲೇ. ನಾವು ಅದನ್ನ ನೋಡಿ ನಗಲ್ಲ, ಕ್ಲಬ್ ಕಟ್ಟಿಕೊಂಡು ಭಾನುವಾರ ರೈಡ್ ಹೋಗ್ತೀವಿ.

ಇಲ್ಲೇ ನನ್ನ ಮೊದಲ ತಕರಾರು. ಟ್ರಾಬಾಂಟ್ ಪೋಲೆಂಡಿನ ಕಾರೇ ಅಲ್ಲ, ಪೂರ್ವ ಜರ್ಮನಿಯ ತ್ಸ್ವಿಕಾವ್‌ನದು. ಪೋಲೆಂಡಿನ ಮಧ್ಯಮವರ್ಗದ ಮನೆಯ ಕಾರು ಅಂದರೆ ಪುಟಾಣಿ ಫಿಯಟ್ 126ಪಿ. ಜನ ಅದನ್ನ ಮಾಲುಹ್, ಅಂದರೆ ಚಿಕ್ಕೋನು, ಅಂತ ಕರೀತಿದ್ದರು. 1973ರಿಂದ 2000ದವರೆಗೆ 33 ಲಕ್ಷದಷ್ಟು ತಯಾರಾದವು. ಟ್ರಾಬಾಂಟ್ ಅಲ್ಲಿನ ರಸ್ತೆಗಳಲ್ಲೂ ಓಡಾಡುತ್ತಿತ್ತು, ಇಲ್ಲ ಅಂತಲ್ಲ. ಆದರೆ ಈ ಊರಿನ ಕಥೆ ಹೇಳೋಕೆ ಅದನ್ನೇ ಯಾಕೆ ಆರಿಸಿಕೊಂಡರು? ಯಾಕಂದ್ರೆ ವಿದೇಶಿಯರಿಗೆ ಗುರುತು ಸಿಗೋದು ಅದೇ. ಬರ್ಲಿನ್ ಗೋಡೆ ಬಿದ್ದ ರಾತ್ರಿಯ ದೃಶ್ಯಗಳಲ್ಲಿ ಕಂಡ ಕಾರು ಅದು. ಅಂದರೆ ಟೂರಿನ ಮೊದಲ ಆಯ್ಕೆಯೇ ನೋವಾ ಹುತಾದ ನೆನಪಿನಿಂದ ಹುಟ್ಟಿದ್ದಲ್ಲ, ನಮ್ಮ ತಲೆಯಲ್ಲಿ ಮೊದಲೇ ಕೂತಿರೋ ಚಿತ್ರದಿಂದ ಹುಟ್ಟಿದ್ದು. ನಮಗೆ ಗೊತ್ತಿರೋದನ್ನೇ ನಮಗೆ ಮಾರ್ತಾರೆ.

ನ್ಯಾಯವಾಗಿ ಹೇಳಬೇಕಂದ್ರೆ ಈ ಪ್ರದರ್ಶನದಲ್ಲಿ ಒಳ್ಳೇ ಭಾಗಗಳೂ ಇವೆ. ಸೆಂಟ್ರಲ್ ಸ್ಕ್ವೇರ್‌ನಲ್ಲಿ ಕಾರು ನಿಲ್ಲಿಸಿ ಗೈಡ್ ಊರಿನ ನಕ್ಷೆ ವಿವರಿಸಿದ್ದು ಚೆನ್ನಾಗಿತ್ತು. ಚೌಕದಿಂದ ಐದು ರಸ್ತೆಗಳು ಬೀಸಣಿಗೆಯ ಕಡ್ಡಿಗಳ ಹಾಗೆ ಹರಡಿವೆ. ತದೇಉಶ್ ಪ್ಟಶಿಟ್ಸ್‌ಕಿ ನೇತೃತ್ವದ ವಾಸ್ತುಶಿಲ್ಪಿಗಳ ತಂಡ ಮಾಡಿದ ಯೋಜನೆ ಇದು. ಸಮಾಜವಾದಿ ವಾಸ್ತವವಾದ ಅಂತ ಹೆಸರಿದ್ದರೂ ಕಮಾನುಗಳು, ಸಮತೋಲನ, ಅಂಗಳಗಳು ಎಲ್ಲ ರಿನೈಸಾನ್ಸ್ ಕಾಲದಿಂದ ಎರವಲು ತಂದಂಥವು. ಕಾರ್ಖಾನೆಯ ಆಡಳಿತ ಕಚೇರಿಗಳಂತೂ ದೂರದಿಂದ ಇಟಲಿಯ ಅರಮನೆಯ ಹಾಗೇ ಕಾಣುತ್ತವೆ. ಲೆನಿನ್ ಪ್ರತಿಮೆಯ ಕಥೆಯನ್ನೂ ಗೈಡ್ ಸೊಗಸಾಗಿ ಹೇಳಿದ. 1973ರಲ್ಲಿ ನಿಲ್ಲಿಸಿದರು, 1979ರಲ್ಲಿ ಯಾರೋ ಬಾಂಬಿಟ್ಟು ಕಾಲಿಗೆ ಪೆಟ್ಟು ಮಾಡಿದರು, 1989ರ ಡಿಸೆಂಬರಿನಲ್ಲಿ ಕಿತ್ತರು, ಕೊನೆಗೆ ಅದು ಸ್ವೀಡನ್ನಿನ ಒಂದು ಕೌಬಾಯ್ ಥೀಮ್ ಪಾರ್ಕ್ ಸೇರಿತು. ಇಂಥ ಕಥೆಗೆ ನಗದೇ ಇರೋದು ಹೇಗೆ?

ಆಮೇಲೆ ಒಂದು ‘ಕಮ್ಯುನಿಸ್ಟ್ ಫ್ಲ್ಯಾಟ್’. ಎಪ್ಪತ್ತರ ದಶಕದ ಸೋಫಾ, ದೊಡ್ಡ ರೇಡಿಯೋ, ಗೋಡೆ ತುಂಬ ಕಪಾಟು. ಒಂದೊಂದು ಗುಟುಕು ವೋಡ್ಕಾ, ಜೊತೆಗೆ ಉಪ್ಪಲ್ಲಿ ನೆನೆಸಿದ ಸೌತೇಕಾಯಿ. ರೇಷನ್ ಕಾರ್ಡು, ಟಾಯ್ಲೆಟ್ ಪೇಪರಿನ ಕ್ಯೂ, ಕಾರಿಗೆ ಹಲವು ವರ್ಷ ಕಾದ ಜೋಕು. ನನ್ನ ಜೊತೆಗಿದ್ದ ಇಬ್ಬರು ಇಂಗ್ಲಿಷ್ ಹುಡುಗರಿಗೆ ಇದೆಲ್ಲ ಬೇರೆ ಗ್ರಹದ ಸುದ್ದಿ. ನನಗೆ ಹಾಗನ್ನಿಸಲಿಲ್ಲ. ನಮ್ಮಪ್ಪ ಬಜಾಜ್ ಚೇತಕ್ ಬುಕ್ ಮಾಡಿ ಕಾದವರು. ನಮ್ಮನೇಲಿ ಆ ರಸೀದಿ ಬಹಳ ದಿನ ಬೀರುವಿನಲ್ಲಿತ್ತು. ಕಾಯೋದು ಕಷ್ಟ ಅನ್ನೋದು ನಿಜ, ಆದರೆ ಕಾದವರ ಬದುಕು ಪೂರ್ತಿ ಕ್ಯೂನಲ್ಲೇ ಕಳೆದಿರಲ್ಲ. ಅದೇ ಮನೇಲಿ ಮದುವೆ ಆಗಿರುತ್ತೆ, ಮಗು ಹುಟ್ಟಿರುತ್ತೆ, ಯಾರೋ ಹಾಡಿರ್ತಾರೆ. ಈ ಫ್ಲ್ಯಾಟಿನಲ್ಲಿ ಸಾಮಾನು ಎಲ್ಲ ಇದೆ, ಇದ್ದ ಮನುಷ್ಯರೇ ಇಲ್ಲ.

ಇದೇ ಊರಿನ ಕಥೆಯನ್ನು ನಾಲ್ಕು ದಶಕಗಳ ಹಿಂದೆಯೇ ಇನ್ನೊಬ್ಬ ಗೈಡ್ ಹೇಳಿದ್ದಾನೆ, ನೂರು ಪಾಲು ಚೆನ್ನಾಗಿ. ಆಂದ್ಜೆ ವಾಯ್ದಾನ ‘ಮ್ಯಾನ್ ಆಫ್ ಮಾರ್ಬಲ್’ ಸಿನಿಮಾ ನೋಡಿ. 1977ರಲ್ಲಿ ತೆರೆಗೆ ಬಂತು. ಸೆನ್ಸಾರಿನ ಕಾರಣ ಅದರ ಚಿತ್ರಕಥೆ ಹತ್ತು ವರ್ಷಕ್ಕೂ ಹೆಚ್ಚು ಕಾಲ ಕೊಳೆಯುತ್ತಾ ಬಿದ್ದಿತ್ತು. ನೋವಾ ಹುತಾ ಕಟ್ಟಿದ ಬಿರ್ಕುತ್ ಅನ್ನೋ ಗಾರೆ ಕೆಲಸದವನ ಕಥೆ ಅದು. ಒಂದೇ ಪಾಳಿಯಲ್ಲಿ ದಾಖಲೆ ಸಂಖ್ಯೆಯ ಇಟ್ಟಿಗೆ ಇಟ್ಟ ಅಂತ ಸರ್ಕಾರ ಅವನನ್ನ ಹೀರೋ ಮಾಡುತ್ತೆ, ಅಮೃತಶಿಲೆಯ ಪ್ರತಿಮೆ ಕೆತ್ತಿಸುತ್ತೆ. ಯಾರೋ ಅವನ ಕೈಗೆ ಕಾದ ಇಟ್ಟಿಗೆ ಕೊಟ್ಟು ಕೈ ಸುಡ್ತಾರೆ. ಅದಕ್ಕೆ ಗೆಳೆಯನನ್ನು ಹೊಣೆ ಮಾಡಿ ಹಿಡಿದಾಗ ಬಿರ್ಕುತ್ ಗೆಳೆಯನ ಪರ ನಿಲ್ತಾನೆ, ತಾನೂ ಜೈಲು ಸೇರ್ತಾನೆ. ಇದನ್ನೆಲ್ಲ ಹುಡುಕಿ ತೆಗೆಯೋದು ಆಗ್ನಿಯೆಶ್ಕಾ ಅನ್ನೋ ಸಿನಿಮಾ ವಿದ್ಯಾರ್ಥಿನಿ. ಮ್ಯೂಸಿಯಮ್ಮಿನ ಗೋದಾಮಿನಲ್ಲಿ ಬೀಗದ ಹಿಂದೆ ಬಿದ್ದಿರೋ ಆ ಪ್ರತಿಮೆಯನ್ನ ಆಕೆ ಕದ್ದು ಚಿತ್ರೀಕರಿಸ್ತಾಳೆ.

ವಾಯ್ದಾ ವ್ಯವಸ್ಥೆಯನ್ನ ಬಿಡಲ್ಲ, ಅದರ ಸುಳ್ಳನ್ನ ಪದರ ಪದರವಾಗಿ ಬಿಚ್ಚುತ್ತಾನೆ. ಆದರೆ ಬಿರ್ಕುತ್‌ನನ್ನ ನೋಡಿ ನಗಲ್ಲ. ಎಲ್ಲರಿಗೂ ಮನೆ ಕಟ್ಟಬೇಕು ಅಂತ ನಂಬಿದ ಮನುಷ್ಯನ ನಂಬಿಕೆ ಬೇರೆ, ಅದನ್ನ ಬಳಸಿಕೊಂಡ ಪಕ್ಷ ಬೇರೆ. ಸಿನಿಮಾ ಈ ಎರಡನ್ನೂ ಬೇರೆ ಬೇರೆ ಇಡುತ್ತೆ. ಟ್ರಾಬಾಂಟ್ ಟೂರು ಎರಡನ್ನೂ ಒಂದೇ ಗಾಡಿಗೆ ತುಂಬುತ್ತೆ. ನನ್ನ ಎರಡನೇ ತಕರಾರು ಇದೇ.

ಈ ಕಲಬೆರಕೆಯಿಂದ ಇತಿಹಾಸದ ಅತಿ ದೊಡ್ಡ ತಿರುವೇ ಕೈತಪ್ಪಿ ಹೋಗುತ್ತೆ. ದೇವರಿಲ್ಲದ ಊರು ಕಟ್ಟಬೇಕು ಅಂತ ಹೊರಟಿದ್ದರು. ಚರ್ಚಿಗೆ ಜಾಗ ಕೊಡ್ತೀವಿ ಅಂತ ಹೇಳಿ, ಆಮೇಲೆ ಮಾತು ತಪ್ಪಿ, 1960ರ ಏಪ್ರಿಲ್‌ನಲ್ಲಿ ಅಲ್ಲಿ ನೆಟ್ಟಿದ್ದ ಶಿಲುಬೆ ಕೀಳೋಕೆ ಬಂದಾಗ ಮೊದಲು ಅಡ್ಡ ನಿಂತವರು ಆ ಬಡಾವಣೆಯ ಹೆಂಗಸರು. ದೊಡ್ಡ ಗಲಭೆಯೇ ಆಯಿತು. ಮುಂದೆ ಕಟ್ಟಿದ ದೋಣಿಯಾಕಾರದ ಅರ್ಕಾ ಪಾನಾ ಚರ್ಚನ್ನು 1977ರಲ್ಲಿ ಪ್ರತಿಷ್ಠಾಪಿಸಿದ್ದು ಆಗ ಕ್ರಾಕೋವ್‌ನ ಆರ್ಚ್‌ಬಿಷಪ್ ಆಗಿದ್ದ, ಮರುವರ್ಷವೇ ಪೋಪ್ ಜಾನ್ ಪಾಲ್ ಆದ ಕರೋಲ್ ವೊಯ್ತಿವಾ. 1981ರ ಡಿಸೆಂಬರಿನಲ್ಲಿ ಮಾರ್ಷಲ್ ಲಾ ಬಂದ ಮೇಲೆ ಈ ಬೀದಿಗಳಲ್ಲಿ ಮತ್ತೆ ಮತ್ತೆ ಪ್ರತಿಭಟನೆ. 1982ರ ಅಕ್ಟೋಬರ್ 13ರಂದು ಬೊಗ್ದಾನ್ ವ್ವೊಸಿಕ್ ಅನ್ನೋ ಇಪ್ಪತ್ತು ವರ್ಷದ ಕಾರ್ಮಿಕನನ್ನು ಗುಪ್ತ ಪೊಲೀಸ್ ಅಧಿಕಾರಿಯೊಬ್ಬ ಚರ್ಚಿನ ಹತ್ತಿರ ಗುಂಡಿಟ್ಟು ಕೊಂದ. 1988ರ ವಸಂತದಲ್ಲಿ ಅದೇ ಲೆನಿನ್ ಕಾರ್ಖಾನೆಯಲ್ಲಿ ಮುಷ್ಕರ, ಪೊಲೀಸರು ರಾತ್ರಿ ನುಗ್ಗಿ ಮುರಿದರು. ಮರುವರ್ಷ ಚುನಾವಣೆ, ಆಡಳಿತವೇ ಬದಲಾಯಿತು.

ಅಂದರೆ ನೋಡಿ, ತಮ್ಮ ಬೆಂಬಲಕ್ಕೆ ಇರಲಿ ಅಂತ ಸರ್ಕಾರ ಯಾವ ಕಾರ್ಮಿಕರನ್ನ ತಂದು ನೆಲೆಗೊಳಿಸಿತೋ, ಅದೇ ಕಾರ್ಮಿಕರು ಆ ಸರ್ಕಾರವನ್ನ ಅಲ್ಲಾಡಿಸಿದರು. ನಾಟಕ ಅಂದರೆ ಇದು! ನಮ್ಮ ಟೂರಿನಲ್ಲಿ ಚರ್ಚಿನ ಮುಂದೆ ಕಾರು ಐದು ನಿಮಿಷ ನಿಂತಿತು. ವೋಡ್ಕಾಗೆ ಅರ್ಧ ಗಂಟೆ ಸಿಕ್ಕಿತ್ತು.

ಮೂರನೇ ತಕರಾರು ನಮಗೆ ಇನ್ನೂ ಹತ್ತಿರದ್ದು. ಫ್ಲ್ಯಾಟಿನಿಂದ ಇಳಿದು ಬರುವಾಗ ಮೆಟ್ಟಿಲ ಹತ್ತಿರ ತರಕಾರಿ ಚೀಲ ಹಿಡಿದ ಒಬ್ಬ ಅಜ್ಜಿ ಎದುರಾದರು. ಎಲ್ಲಿಯವನು ಅಂತ ಗೈಡನ್ನ ಕೇಳಿರಬೇಕು, ಅವನು ಇಂಡಿಯಾ ಅಂದ. ಅಜ್ಜಿ ನನ್ನ ಮುಖ ನೋಡಿ “ಮಿತ್ತಲ್” ಅಂದರು. ಕೋಪದಿಂದಲ್ಲ, ನಮ್ಮೂರ ಕಡೆ “ಓ, ಅವರ ಕಡೆಯವರಾ” ಅಂತಾರಲ್ಲ, ಹಾಗೆ. ಅವರ ಯಜಮಾನರು ಮೂವತ್ತು ವರ್ಷ ಕಾರ್ಖಾನೆಯಲ್ಲಿ ದುಡಿದವರಂತೆ. ಗೈಡ್ ಅಷ್ಟು ಅನುವಾದಿಸಿ, ಮುಂದಿನ ಜೋಕಿಗೆ ಹೋದ.

ಆ ಒಂದು ಪದದಲ್ಲಿ ಟೂರು ಹೇಳದ ಅರ್ಧ ಕಥೆ ಇತ್ತು. ಎಪ್ಪತ್ತರ ದಶಕದಲ್ಲಿ 35 ಸಾವಿರಕ್ಕೂ ಹೆಚ್ಚು ಜನಕ್ಕೆ ಕೆಲಸ ಕೊಟ್ಟ ಕಾರ್ಖಾನೆ ಅದು. ಅದರ ಹೊಗೆ ಕ್ರಾಕೋವ್‌ನ ಹಳೇ ಕಲ್ಲುಗಳನ್ನ ತಿಂದಿದ್ದೂ ನಿಜ, ಜನರ ಶ್ವಾಸಕೋಶ ಕೆಡಿಸಿದ್ದೂ ನಿಜ. 1989ರ ನಂತರ ಲೆನಿನ್ ಹೆಸರು ಹೋಯಿತು, ಕೆಲಸಗಳೂ ಒಂದೊಂದಾಗಿ ಹೋದವು. 2004ರಲ್ಲಿ ಪೋಲೆಂಡಿನ ದೊಡ್ಡ ಉಕ್ಕಿನ ಕಾರ್ಖಾನೆಗಳ ಜೊತೆ ಇದೂ ರಾಜಸ್ಥಾನ ಮೂಲದ ಲಕ್ಷ್ಮಿ ಮಿತ್ತಲ್ ಅವರ ಸಮೂಹದ ಕೈಗೆ ಬಂತು. ತಮಾಷೆ ಅಂದರೆ ಅದೇ ವರ್ಷ ಸೆಂಟ್ರಲ್ ಸ್ಕ್ವೇರ್‌ಗೆ ರೊನಾಲ್ಡ್ ರೇಗನ್ ಹೆಸರಿಟ್ಟರು. 2019ರಲ್ಲಿ ಊದುಕುಲುಮೆ ನಿಲ್ಲಿಸಿದರು, 2020ರಲ್ಲಿ ಇನ್ನು ಶಾಶ್ವತವಾಗಿ ಬಂದ್ ಅಂತ ಘೋಷಿಸಿದರು. ಬೇಡಿಕೆ ಕುಸಿತ, ಅಗ್ಗದ ಆಮದು, ವಿದ್ಯುತ್ತಿನ ಬೆಲೆ, ಕಾರ್ಬನ್ ಶುಲ್ಕ ಅಂತ ಕಂಪನಿ ಕಾರಣ ಕೊಟ್ಟಿತು. ಅವು ಸುಳ್ಳು ಕಾರಣಗಳೇನಲ್ಲ. ಆದರೆ ಒಂದು ಊರು ಹುಟ್ಟಿದ್ದೇ ಯಾವ ಬೆಂಕಿಗಾಗಿ ಅಂತ ಗೊತ್ತಿದ್ದ ಮೇಲೆ, ಆ ಬೆಂಕಿ ಆರಿದ್ದನ್ನ ಟೂರಿನಲ್ಲಿ ಒಂದು ವಾಕ್ಯದಲ್ಲಾದರೂ ಹೇಳಬೇಡವಾ?

ಹೇಳಲ್ಲ. ಯಾಕಂದ್ರೆ ಹೇಳಿದರೆ ಜೋಕು ಕೆಡುತ್ತೆ. ಟೂರಿನ ಕಥೆ 1989ಕ್ಕೆ ಸುಖಾಂತ್ಯ: ಕೆಟ್ಟ ಕಾಲ ಮುಗೀತು, ಈಗ ಎಲ್ಲ ಸರಿ, ಬನ್ನಿ ನಗೋಣ. ಆಮೇಲಿನ ಮೂವತ್ತು ವರ್ಷ ಸೇರಿಸಿದರೆ ಕಾರಿನೊಳಗೆ ಕೂತ ನಾವೂ ಕಥೆಯ ಪಾತ್ರಗಳಾಗಬೇಕಾಗುತ್ತೆ. ಕ್ವಾರ್ಟರ್ಲಿ ರಿಸಲ್ಟು, ಕಾಸ್ಟ್ ಕಟಿಂಗು, ರೀಸ್ಟ್ರಕ್ಚರಿಂಗು ಅನ್ನೋ ಪದಗಳು ನಮ್ಮ ಆಫೀಸಿನ ಭಾಷೆ ತಾನೇ? ನಗೋಕೆ ದೂರ ಬೇಕು. ಹಳೇ ಕಾರು ಆ ದೂರವನ್ನ ಬಾಡಿಗೆಗೆ ಕೊಡುತ್ತೆ.

ಹಾಗಂತ ನಗಲೇಬಾರದು ಅಂತ ನಾನು ಹೇಳ್ತಿಲ್ಲ. ನೋವಾ ಹುತಾದಲ್ಲೇ 2014ರಲ್ಲಿ ಕಲಾವಿದರು ಮೂತ್ರ ಮಾಡುತ್ತಿರೋ ಕಣ್ಣುಕುಕ್ಕೋ ಹಸಿರು ಬಣ್ಣದ ಪುಟ್ಟ ಲೆನಿನ್ ನಿಲ್ಲಿಸಿದ್ದರು. ಅದು ಒರಟು ಜೋಕೇ. ಆದರೆ ಅದು ಆ ಊರಿನ ಒಳಗಿನ ಜೋಕು, ಒಪ್ಪದವರು ಬೀದಿಯಲ್ಲೇ ನಿಂತು ಜಗಳ ಆಡಬಹುದಾದ ಜೋಕು. ಲೆನಿನ್ನನ್ನ ನೋಡಿ ನಗೋದು ಒಂದು, ಲೆನಿನ್ನನ ಕಾಲದಲ್ಲಿ ಬದುಕು ಕಟ್ಟಿಕೊಂಡವರನ್ನ ನೋಡಿ ನಗೋದು ಇನ್ನೊಂದು.

ಹೋಗೋರು ಹೋಗಿ, ಟ್ರಾಬಾಂಟಿನಲ್ಲಿ ಕೂರೋ ಆಸೆ ಇದ್ದರೆ ಕೂತೂ ಬನ್ನಿ. ಆದರೆ ಇನ್ನೊಂದು ದಿನ ಇಟ್ಟುಕೊಳ್ಳಿ. ಮೊದಲು ಹೋಟೆಲ್ ರೂಮಿನಲ್ಲಿ ವಾಯ್ದಾನ ಸಿನಿಮಾ ನೋಡಿ. ಬೆಳಿಗ್ಗೆ 4ನೇ ನಂಬರಿನ ಟ್ರ್ಯಾಮ್ ಹತ್ತಿ. ಅದರಲ್ಲಿ ಕೆಲಸಕ್ಕೆ ಹೋಗೋರು, ಶಾಲೆ ಮಕ್ಕಳು, ಅಜ್ಜಿಯರು ಇರ್ತಾರೆ. ಸೆಂಟ್ರಲ್ ಸ್ಕ್ವೇರ್‌ನಲ್ಲಿ ಇಳಿದು ಸುಮ್ಮನೆ ನಡೀರಿ. ಒಳ ಅಂಗಳಗಳಲ್ಲಿ ಮರ ಎಷ್ಟಿವೆ, ಮಕ್ಕಳು ರಸ್ತೆ ದಾಟದೆ ಆಡೋಕೆ ಎಷ್ಟು ಜಾಗ ಇದೆ ಅಂತ ನೋಡಿ. ಹಾಗೇ ನೀವು ಇಎಂಐ ಕಟ್ಟುತ್ತಿರೋ ಅಪಾರ್ಟ್‌ಮೆಂಟನ್ನೂ ಒಮ್ಮೆ ನೆನಪಿಸಿಕೊಳ್ಳಿ. ಹಳೇ ಸ್ವಿಯಾತೊವಿದ್ ಸಿನಿಮಾ ಮಂದಿರದಲ್ಲಿ ಈಗ ಈ ಊರಿನದೇ ಮ್ಯೂಸಿಯಂ ಇದೆ, ಅಲ್ಲಿ ಒಂದು ಗಂಟೆ ಕಳೀರಿ. ಅರ್ಕಾ ಪಾನಾದವರೆಗೂ ನಡೆದು ಹೋಗಿ. ಕೊನೆಗೆ ಕಾರ್ಖಾನೆಯ ಗೇಟಿನ ಎದುರು ಒಂದೈದು ನಿಮಿಷ ನಿಂತ್ಕೊಳ್ಳಿ. ಅಲ್ಲಿ ಫೋಟೋಗೆ ಅಂಥದ್ದೇನೂ ಸಿಗಲ್ಲ. ಯಾರಾದರೂ ನಿಮ್ಮನ್ನ ಎಲ್ಲಿಯವರು ಅಂತ ಕೇಳಿದರೆ ಮಾತ್ರ ಬೇಗ ಹೊರಟುಬಿಡಬೇಡಿ, ನಿಂತು ಮಾತಾಡಿ.