ತಾಯಿಯ ಪಾಪ, ಮಗಳ ಕಣ್ಣೀರು: ‘ಗೆಜ್ಜೆಪೂಜೆ’ಯ ಮರುನೋಟ

ಕಣ್ಣೀರನ್ನು ನೆಚ್ಚಿದ ಚಿತ್ರಗಳನ್ನು ‘ಮೆಲೊಡ್ರಾಮ’ ಎಂದು ತಳ್ಳಿಹಾಕುವುದು ವಿಮರ್ಶೆಯ ರೂಢಿ. ಎಂ. ಕೆ. ಇಂದಿರಾ ಅವರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ ‘ಗೆಜ್ಜೆಪೂಜೆ’ (1969) ಹಾಗೆ ತಳ್ಳಿಹಾಕಬಹುದಾದ ಕೃತಿಯಲ್ಲ. ದೇಶಪಾಂಡೆ ನಗರದಲ್ಲಿರುವ ನಮಗೆ ಸವದತ್ತಿಯ ಎಲ್ಲಮ್ಮನ ಗುಡ್ಡ ದೂರವೇನಲ್ಲ. ಹೆಣ್ಣುಮಕ್ಕಳನ್ನು ದೇವರ ಹೆಸರಿನಲ್ಲಿ ಬಿಡುವ ಪದ್ಧತಿ ನಮ್ಮ ಪಾಲಿಗೆ ಬರಿಯ ಕಥಾವಸ್ತುವಲ್ಲ.

ಕಲ್ಪನಾ ಅಭಿನಯಿಸಿದ ಚಂದ್ರಾ ವೇಶ್ಯೆಯ ಮನೆಯಲ್ಲಿ ಹುಟ್ಟಿದವಳು. ಅವಳು ಬಯಸುವುದು ಗೃಹಿಣಿಯ ಬಾಳನ್ನು. ಜನ್ಮ ಕೊಟ್ಟ ತಂದೆ ಗೌರವಸ್ಥನಾಗಿ ಮರೆಯಲ್ಲಿ ಉಳಿಯುತ್ತಾನೆ. ಪ್ರೀತಿಸಿದವನು ಸಂಶಯದಿಂದ ದೂರವಾಗುತ್ತಾನೆ. ಅವಳು ಪ್ರಾಣ ಕಳೆದುಕೊಳ್ಳುತ್ತಾಳೆ. ಮೆಕ್ಸಿಕೊದ ಎಮಿಲಿಯೊ ಫೆರ್ನಾಂದೆಸ್ ನಿರ್ದೇಶನದ ‘ಮರಿಯಾ ಕಾಂದೆಲಾರಿಯಾ’ (1943) ಚಿತ್ರದಲ್ಲಿಯೂ ವೇಶ್ಯೆಯ ಮಗಳೆಂಬ ಕಾರಣಕ್ಕೆ ಊರು ದೂರವಿಟ್ಟ ಹೂಮಾರುವ ಹುಡುಗಿಯೊಬ್ಬಳಿದ್ದಾಳೆ. ಬೇರೊಬ್ಬಳ ಮೈಯ ಮೇಲೆ ಅವಳ ಮುಖವನ್ನಿಟ್ಟ ಚಿತ್ರಪಟವನ್ನು ಕಂಡು ಊರಿನವರು ಅವಳನ್ನು ಕಲ್ಲೆಸೆದು ಕೊಲ್ಲುತ್ತಾರೆ. ಕ್ರೈಸ್ತ ಊರಿನಲ್ಲಿ ನಡೆದದ್ದೂ ಇದೇ ಎಂಬುದನ್ನು ನಾವು ಮರೆಯಲಾಗದು.

ಹೆತ್ತವರ ಪಾಪಕ್ಕೆ ಮಕ್ಕಳು ಹೊಣೆಯಲ್ಲ ಎಂಬ ಯೆಜೆಕಿಯೇಲನ ಬೋಧನೆಯನ್ನು ಎರಡೂ ಚಿತ್ರಗಳು ಕಣ್ಣೀರಿನ ಭಾಷೆಯಲ್ಲಿ ಹೇಳುತ್ತವೆ. ಇದು ಅವುಗಳ ಬಲ. ಆದರೆ ದೋಷವೂ ಅಲ್ಲಿಯೇ ಇದೆ. ನಾಯಕಿ ನಿಷ್ಕಳಂಕಳು ಎಂದು ಮೊದಲು ಸಾಬೀತುಮಾಡಿ, ಬಳಿಕವೇ ಪ್ರೇಕ್ಷಕನಿಂದ ಕರುಣೆಯನ್ನು ಬೇಡಲಾಗುತ್ತದೆ. ಕಲ್ಲು ತಪ್ಪು ಗುರಿಗೆ ತಗುಲಿತೆಂದು ನಾವು ಅಳುತ್ತೇವೆಯೇ ಹೊರತು, ಕಲ್ಲನ್ನು ಎತ್ತಿದ್ದೇ ತಪ್ಪೆಂದಲ್ಲ. ಯೊವಾನ್ನನ ಶುಭಸಂದೇಶದ ಎಂಟನೆಯ ಅಧ್ಯಾಯದ ಸ್ತ್ರೀ ನಿರಪರಾಧಿಯಲ್ಲ. ಆದರೂ ಅಲ್ಲಿ ಕಲ್ಲುಗಳು ಕೈಜಾರುತ್ತವೆ. ಮೆಲೊಡ್ರಾಮ ನಿಲ್ಲುವಲ್ಲಿಂದ ದೇವಕೃಪೆಯ ಮಾತು ಆರಂಭವಾಗುತ್ತದೆ.

ಹಾಗೆಂದು ಚಿತ್ರಕ್ಕೆ ಪಾಠ ಹೇಳುವ ಅಧಿಕಾರ ನಮಗೆ ಸುಲಭವಾಗಿ ಸಲ್ಲದು. 1917ರ ಧರ್ಮಸಭೆಯ ಕಾನೂನು ಸಂಹಿತೆ ವಿವಾಹಬಾಹಿರವಾಗಿ ಹುಟ್ಟಿದವರ ಗುರುದೀಕ್ಷೆಗೆ ಆ ಹುಟ್ಟನ್ನೇ ಅಡ್ಡಿಯೆಂದು ಎಣಿಸಿತ್ತು. ಕರ್ನಾಟಕವು ದೇವದಾಸಿ ಸಮರ್ಪಣೆಯನ್ನು ನಿಷೇಧಿಸುವ ಕಾಯಿದೆಯನ್ನು ರೂಪಿಸಿದ್ದು 1982ರಲ್ಲಿ. ನಮ್ಮ ಸಂಹಿತೆ ಆ ಅಡ್ಡಿಯನ್ನು ಕೈಬಿಟ್ಟದ್ದು 1983ರಲ್ಲಿ. ‘ಗೆಜ್ಜೆಪೂಜೆ’ ತೆರೆಕಂಡಾಗ ಚಂದ್ರಾಳಿಗೆ ತಮ್ಮನೊಬ್ಬನಿದ್ದು, ಅವನು ನಮ್ಮ ಗುರುಮಠದ ಬಾಗಿಲು ತಟ್ಟಿದ್ದರೆ, ನಾವೂ ಮೊದಲು ತಂದೆಯ ಹೆಸರನ್ನೇ ಕೇಳುತ್ತಿದ್ದೆವು.

ಈಗಲೂ ಜ್ಞಾನಸ್ನಾನದ ದಾಖಲೆಪುಸ್ತಕದಲ್ಲಿ ತಂದೆಯ ಹೆಸರಿನ ಜಾಗವಿದೆ. ಅವಿವಾಹಿತ ತಾಯಿಯ ಮಗುವಿನ ದಾಖಲೆ ಹೇಗಿರಬೇಕೆಂದು ಸಂಹಿತೆಯ 877ನೆಯ ನಿಯಮ ಸ್ಪಷ್ಟಪಡಿಸಿದೆ. ಆದರೆ ಆ ಜಾಗವನ್ನು ಖಾಲಿ ಬಿಡುವಾಗ ನಮ್ಮ ಮುಖಭಾವ ಹೇಗಿರಬೇಕೆಂದು ಯಾವ ನಿಯಮವೂ ಹೇಳದು. ಎದುರಿಗೆ ಕುಳಿತ ತಾಯಿ ಓದುವುದು ಆ ಮುಖವನ್ನೇ.