ಮಾತಿಲ್ಲದ ಹೋಟೆಲು

ಚಿತ್ರಪ್ರದರ್ಶಕ ಸಾಮಿಕಣ್ಣು ವಿನ್ಸೆಂಟ್ 1914ರಲ್ಲಿ ಕೊಯಮತ್ತೂರಿನಲ್ಲಿ ವೆರೈಟಿ ಹಾಲ್ ಚಿತ್ರಮಂದಿರ ಕಟ್ಟಿಸಿದಾಗ ಸಿನಿಮಾಕ್ಕೆ ಮಾತಿರಲಿಲ್ಲ. ತಮಿಳು, ತೆಲುಗು, ಕನ್ನಡ ಮನೆಮಾತಿನವರು ಒಟ್ಟಿಗೆ ಬಾಳುವ ಊರಿಗೆ ಅದೊಂದು ಕೊರತೆಯೇ ಅಲ್ಲ.

ಆ ಕಾಲದ ಹಾಸ್ಯಚಿತ್ರಗಳಲ್ಲಿ ನನಗೆ ಬಲು ಪ್ರಿಯವಾದದ್ದು 1918ರ ಅಮೆರಿಕನ್ ಚಿತ್ರ ‘ದಿ ಕುಕ್’. ಹೋಟೆಲೊಂದರ ಅಡುಗೆಭಟ್ಟ ರಾಸ್ಕೋ ಆರ್ಬಕಲ್, ಸಪ್ಲೈಯರ್ ಬಸ್ಟರ್ ಕೀಟನ್. ಆರ್ಬಕಲ್ ಅಡುಗೆಮನೆಯಿಂದ ತಿಂಡಿ ಎಸೆಯುತ್ತಾನೆ. ಕೀಟನ್ ಮುಖದ ಒಂದು ಗೆರೆಯೂ ಅಲುಗದಂತೆ ಹಿಡಿಯುತ್ತಾನೆ. ಜಾರಿ ಬಿದ್ದು ಯಾರು ಬೇಕಾದರೂ ನಗಿಸಬಹುದು. ಏನನ್ನೂ ಬೀಳಿಸದೆ ನಗಿಸುವುದಿದೆಯಲ್ಲ, ಅದು ಅಪ್ಪಟ ಕಸುಬು! ಅಷ್ಟು ದಪ್ಪ ಮೈಯ ಆರ್ಬಕಲ್ ಎಷ್ಟು ಹಗುರಾಗಿ ಕುಣಿಯುತ್ತಾನೆ!

ಕಳೆದೇಹೋಯಿತು ಎಂದುಕೊಂಡಿದ್ದ ಈ ಚಿತ್ರದ ಪ್ರತಿ 1990ರ ದಶಕದ ಕೊನೆಗೆ ನಾರ್ವೆಯಲ್ಲಿ ಸಿಕ್ಕಿತು. ಶಾವಿಗೆಯಂಥ ಸ್ಪಾಗೆಟ್ಟಿ ತಿನ್ನಲು ಆರ್ಬಕಲ್, ಕೀಟನ್ ಪಡುವ ಪಾಡನ್ನು ನೋಡುವ ಭಾಗ್ಯ ಹಾಗೆ ನಮಗೂ ಬಂತು.